ದಸರೆಗೆ ಕೂರುವ ತಾಲೀಮು

ಮೈಸೂರಿಗೆ ಹೋಗಿ ಜಂಬೂ ಸವಾರಿ ನೋಡಲೇಬೇಕು ಎಂದು ಅಮ್ಮ ತೀರ್ಮಾನ ಮಾಡಿದ್ದು ಆ ವರ್ಷದ ಗೌರಿ ಹಬ್ಬದ ಮಾರನೆಯ ದಿನ. ನಮ್ಮ ಮನೆಯಲ್ಲಿ ಅಮ್ಮ ತೀರ್ಮಾನ ಮಾಡಿದ ಮೇಲೆ ಅಪ್ಪನಿಗೆ ಉಳಿಯುತ್ತಿದ್ದದ್ದು ಹೂಂ ಎನ್ನುವ ಕೆಲಸ ಒಂದೇ. ಅಪ್ಪ ಭದ್ರಾವತಿಯ ಕಾರ್ಖಾನೆಯಲ್ಲಿ ಫರ್ನೇಸಿನ ಮುಂದೆ ದುಡಿಯುತ್ತಿದ್ದ. ನಾವಿದ್ದದ್ದು ನ್ಯೂ ಟೌನಿನ ಕ್ವಾರ್ಟರ್ಸಿನಲ್ಲಿ. ನನಗಾಗ ಎಂಟು ವರ್ಷ, ತಮ್ಮನಿಗೆ ಆರು.

ಅಮ್ಮನ ಹಟಕ್ಕೆ ಹಿಂದಿನ ಕಥೆಯೊಂದಿತ್ತು. ಅವಳ ತವರು ಶಿವಮೊಗ್ಗ. ಅವಳು ನನ್ನಷ್ಟೇ ಇದ್ದಾಗ ತಾತ ಅವಳನ್ನೂ ಅವಳ ತಮ್ಮನನ್ನೂ ಮೈಸೂರು ದಸರೆಗೆ ಕರೆದುಕೊಂಡು ಹೋಗಿದ್ದರಂತೆ. ಆನೆ ಬಂದಾಗ ತಾತ ಮಗನನ್ನು ಹೆಗಲ ಮೇಲೆ ಕೂರಿಸಿಕೊಂಡರು. ಅಮ್ಮ ಕೆಳಗೆ ಅವರ ಪಂಚೆಯ ಅಂಚು ಹಿಡಿದು ನಿಂತಿದ್ದಳು. ಅವಳಿಗೆ ಕಂಡದ್ದು ಜನರ ಬೆನ್ನು ಮಾತ್ರ. ಆ ತಮ್ಮ, ಎಂದರೆ ನಮ್ಮ ಮಾವ, ಶಿವಮೊಗ್ಗದ ಗಾಂಧಿ ಬಜಾರಿನಲ್ಲಿ ಪಾತ್ರೆ ಅಂಗಡಿ ಇಟ್ಟು ದೊಡ್ಡ ಮನುಷ್ಯನಾದ ಮೇಲೂ ಆ ಆನೆಯನ್ನು ಕೆಳಗಿಳಿಸಲಿಲ್ಲ. ಪ್ರತಿ ವರ್ಷ ಹಬ್ಬಕ್ಕೆ ಹೋದಾಗಲೂ, ಊಟವಾದ ಮೇಲೆ ಎಲೆ ಅಡಿಕೆ ಹಾಕಿಕೊಂಡು, "ಅಂಬಾರಿ ಹೆಂಗಿತ್ತು ಅಂದ್ರೆ..." ಎಂದು ಶುರು ಮಾಡುತ್ತಿದ್ದ. ಅಷ್ಟು ಕೇಳಿದ್ದೇ ತಡ, ಅಮ್ಮ ಎದ್ದು ಅಡಿಗೆಮನೆಗೆ ಹೋಗಿಬಿಡುತ್ತಿದ್ದಳು. ಅಲ್ಲಿಂದ ಪಾತ್ರೆಗಳ ಸದ್ದು ಸ್ವಲ್ಪ ಜೋರಾಗಿಯೇ ಬರುತ್ತಿತ್ತು.

ಬೆಳಿಗ್ಗೆಯೇ ಹೋಗಿ ಕೂತರೆ ರಸ್ತೆಯ ಅಂಚಿನಲ್ಲೇ ಜಾಗ ಸಿಗುತ್ತದೆ, ಆದರೆ ಸವಾರಿ ಬರುವುದು ಮಧ್ಯಾಹ್ನ ಕಳೆದ ಮೇಲೆ, ಅಷ್ಟರಲ್ಲಿ ಎದ್ದರೆ ಜಾಗ ಹೋದ ಹಾಗೆಯೇ ಎಂದು ಮೈಸೂರಿನ ಕಡೆಯವರೊಬ್ಬರು ಅಮ್ಮನಿಗೆ ಹೇಳಿದ್ದರು. ಅಮ್ಮ ಎರಡು ದಿನ ಯೋಚನೆ ಮಾಡಿದಳು.

"ಕೂರೋದೊಂದೇ ತಾನೆ ಕಷ್ಟ? ಅದನ್ನ ಕಲಿತುಬಿಟ್ರೆ ಆಯ್ತು," ಎಂದಳು.

ಹೀಗೆ ಶುರುವಾಯಿತು ನಮ್ಮ ತಾಲೀಮು. ಭಾನುವಾರ ಬೆಳಿಗ್ಗೆ ಕಾರ್ಖಾನೆಯ ಸೈರನ್ ಕೂಗಿದೊಡನೆ ಮನೆ ಮುಂದಿನ ರಸ್ತೆಯ ಪಕ್ಕ ಜಮಖಾನ ಹಾಸುವುದು, ಮಧ್ಯಾಹ್ನ ಎರಡರ ಸೈರನ್ ಕೂಗುವ ತನಕ ಏಳದೆ ಕೂರುವುದು. ಒಂದು ಶಿಫ್ಟು ಪೂರ್ತಿ. ಹಿಂದಿನ ರಾತ್ರಿಯಿಂದಲೇ ಮಜ್ಜಿಗೆ ಬಂದ್. ಒಂದಕ್ಕೆ ಹೋಗಬೇಕಾದರೆ ಒಬ್ಬರ ಹಿಂದೆ ಒಬ್ಬರು ಮಾತ್ರ. ಎದ್ದವರ ಜಾಗವನ್ನು ಉಳಿದವರು ಮಂಡಿ ಅಗಲಿಸಿ ಕಾಯಬೇಕು. ತಮ್ಮನಿಗೆ ಅರ್ಧ ಗಂಟೆಗೊಮ್ಮೆ ಒಂದಕ್ಕೆ ಬರುತ್ತಿತ್ತು. ಅವನು ನಿಜ ಹೇಳುತ್ತಿದ್ದಾನೋ ಇಲ್ಲವೋ ಎಂದು ಅಮ್ಮ ಅವನ ಮುಖ ನೋಡಿಯೇ ತೀರ್ಪು ಕೊಡುತ್ತಿದ್ದಳು. ಅವಳೋ, ಚಕ್ಕಳಮಕ್ಕಳ ಹಾಕಿ ಕೂತರೆ ಕಲ್ಲಿನ ಹಾಗೆ. ಆಗಾಗ ಗೋಡೆ ಹಿಡಿದೋ ನನ್ನ ತಲೆ ಹಿಡಿದೋ ಎದ್ದು ಒಲೆಯ ಕಡೆ ಒಂದು ಸುತ್ತು ಹೋಗಿ ಬರುತ್ತಿದ್ದಳು. ಅದು ಲೆಕ್ಕಕ್ಕಿಲ್ಲ, ಮೈಸೂರಿನಲ್ಲಿ ಒಲೆ ಇರುವುದಿಲ್ಲ ಎನ್ನುತ್ತಿದ್ದಳು.

ಮೊದಲನೆಯ ಭಾನುವಾರ ಪಕ್ಕದ ಮನೆಯ ತಮಿಳಿನ ಹೆಂಗಸು ಗಾಬರಿಯಿಂದ ಓಡಿ ಬಂದಳು. "ಏನಕ್ಕಾ, ಊರಿಂದ ಏನಾದ್ರೂ ಕೆಟ್ಟ ಸುದ್ದಿ ಬಂತಾ? ಎಲ್ರೂ ಹೊರಗೆ ಕೂತಿದೀರಲ್ಲ?"

ಅಮ್ಮ ವಿಷಯ ಹೇಳಿದಳು. ಆಕೆ ನಗಲಿಲ್ಲ. ಸ್ವಲ್ಪ ಹೊತ್ತು ನಿಂತು ನೋಡಿ, ತಾನೂ ಜಮಖಾನದ ತುದಿಯಲ್ಲಿ ಕೂತು ಬೆಳ್ಳುಳ್ಳಿ ಸುಲಿದಳು. ಮೂರನೆಯ ಭಾನುವಾರದ ಹೊತ್ತಿಗೆ ನಾವು ಕೂತಿರುವುದು ಬೀದಿಗೆಲ್ಲ ರೂಢಿಯಾಗಿತ್ತು.

ಅಪ್ಪನಿಗೆ ಇದರಲ್ಲಿ ನಂಬಿಕೆಯೇನೂ ಇರಲಿಲ್ಲ. ರಾತ್ರಿ ಶಿಫ್ಟು ಮುಗಿಸಿ ಬೆಳಿಗ್ಗೆ ಬಂದು ಸೈಕಲ್ ಇಳಿಯುತ್ತಾ, "ನಿಮ್ಮಮ್ಮ ಓವರ್‌ಟೈಮ್ ಕೊಡ್ತಾಳಾ ಕೇಳು," ಎನ್ನುತ್ತಿದ್ದ.

"ರೀ, ನಗಾಡ್ಬೇಡಿ. ಹಿಂದಿಂದ ಬಂದು ಸ್ವಲ್ಪ ತಳ್ಳಿ ನೋಡಣ. ಜನ ತಳ್ಳಿದ್ರೆ ಇವ್ರು ಹೆಂಗಿರ್ತಾರೆ ಗೊತ್ತಾಗ್ಬೇಕು," ಎಂದಳು ಅಮ್ಮ.

ಬೆಂಕಿಯ ಮುಂದೆ ಎಂಟು ಗಂಟೆ ನಿಂತು ಬಂದ ಆ ಮನುಷ್ಯ ಪಾಪ, ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿ ನಮ್ಮನ್ನು ಒಂದಷ್ಟು ತಳ್ಳಿ ಆಮೇಲೆ ಕೈಕಾಲು ತೊಳೆಯಲು ಹೋದ. ಹಬ್ಬವೆಂದು ಫರ್ನೇಸು ಆರಿಸುವಂತಿಲ್ಲ. ಅಪ್ಪನ ಜೊತೆ ಕೆಲಸ ಮಾಡುವ ಸಾಬರೊಬ್ಬರು ನಾವು ಮೈಸೂರಿಗೆ ಹೋಗುವ ದಿನಗಳ ಶಿಫ್ಟು ತಾವು ನೋಡಿಕೊಳ್ಳುವುದಾಗಿ ಹೇಳಿದ್ದರು. ರಂಜಾನ್ ಹಬ್ಬಕ್ಕೆ ಅಪ್ಪ ಅವರ ಶಿಫ್ಟು ಮಾಡಿಕೊಟ್ಟಿದ್ದ.

ಇನ್ನೊಂದು ನಿಯಮ ಉಳಿದಿತ್ತು. ಅದನ್ನು ಅಮ್ಮ ಹೊರಡುವ ಹಿಂದಿನ ದಿನ ಪುಳಿಯೋಗರೆ ಕಲೆಸುತ್ತಾ ಹೇಳಿದಳು. "ಅಪ್ಪನ ಹೆಗಲ ಮೇಲೆ ಮಗಳು ಕೂರೋದು." ತಮ್ಮ ಅತ್ತ, ಉರುಳಾಡಿದ. ಅಮ್ಮ ತಿರುಗಿಯೂ ನೋಡಲಿಲ್ಲ. ನನಗಂತೂ ಆಗಲೇ ಅಂಬಾರಿ ಏರಿದಷ್ಟು ಸಂತೋಷ.

ಅರಸೀಕೆರೆಯಲ್ಲಿ ಗಾಡಿ ಬದಲಾಯಿಸಿ ಮೈಸೂರು ಮುಟ್ಟಿದೆವು. ವಿಜಯದಶಮಿಯ ಬೆಳಿಗ್ಗೆ ಅಮ್ಮ ಹೇಳಿದ ಹೊತ್ತಿಗೆ, ಹೇಳಿದ ಹಾಗೆಯೇ, ರಸ್ತೆಯ ಅಂಚಿನಲ್ಲೇ ಜಮಖಾನ ಹಾಸಿ ಕೂತೆವು. ನಮ್ಮ ಆಚೀಚೆಯವರು ಹತ್ತು ಗಂಟೆಗೇ ಒದ್ದಾಡತೊಡಗಿದರು. ಎದ್ದು ಹೋದವರು ಜಾಗ ಕಳೆದುಕೊಂಡು ಜಗಳವಾಡಿದರು. ನಾವು ಅಲುಗಾಡಲಿಲ್ಲ. ಅಪ್ಪ ಕೂಡ ಸಂಜೆಯ ಹೊತ್ತಿಗೆ ಅಮ್ಮನ ಕಡೆ ನೋಡಿ, "ಪರವಾಗಿಲ್ಲ ಮಾರಾಯ್ತಿ, ಒಳ್ಳೆ ಮೇಸ್ತ್ರಿ ನೀನು," ಎಂದ. ಅಮ್ಮನ ಮುಖ ಅರಳಿತು.

ಕುದುರೆಗಳು ಹೋದವು, ವಾದ್ಯದವರು ಹೋದರು. ಅಷ್ಟರಲ್ಲಿ "ಆನೆ ಬಂತು" ಎಂದು ಯಾರೋ ಕೂಗಿದರು. ಹಿಂದಿದ್ದ ಜನ ಒಂದೇ ಸಲಕ್ಕೆ ನುಗ್ಗಿ ನಮ್ಮನ್ನು ದಾಟಿ ಮುಂದೆ ಬಂದು ನಿಂತರು. ಅಪ್ಪ ನನ್ನನ್ನು ಎತ್ತಿ ಹೆಗಲ ಮೇಲಿಟ್ಟುಕೊಂಡ. ತಮ್ಮ ಜನರ ಕಾಲುಗಳ ಸಂದಿಯಲ್ಲಿ ನುಸುಳಿ ಪೊಲೀಸಿನವನ ಪಕ್ಕಕ್ಕೆ ಹೋಗಿ ನಿಂತ. ಅಮ್ಮ ಮಾತ್ರ ಏಳಲಿಲ್ಲ.

"ಕಾಲು ಜೋಮು ಹಿಡಿದಿದೆ ಕಣ್ರೀ. ಏಳಕ್ಕೆ ಆಗ್ತಿಲ್ಲ," ಎಂದಳು.

ಅಷ್ಟು ಭಾನುವಾರ ಕೂರುವುದನ್ನು ಕಲಿಸಿದ್ದಳು. ಏಳುವುದನ್ನು ಯಾರೂ ಕಲಿತಿರಲಿಲ್ಲ. ನೆಲದ ಮೇಲೆ ಕೂತವಳ ಸುತ್ತ ಮತ್ತೆ ಅದೇ ಬೆನ್ನುಗಳು. ಮೇಲಿನಿಂದ ನನಗೆ ಅವಳ ಮುಖ ಕಂಡಿತು. ಅವಳು ಅಳುತ್ತಿರಲಿಲ್ಲ, ಅಡಿಗೆಮನೆಗೆ ಎದ್ದು ಹೋಗುವಾಗಿನ ಮುಖ ಮಾಡಿಕೊಂಡಿದ್ದಳು.

ಅಂಬಾರಿ ತಿರುವಿನಲ್ಲಿ ಹೊಳೆಯುವುದಕ್ಕೂ ಅಪ್ಪ ನನ್ನನ್ನು ಕೆಳಗಿಳಿಸುವುದಕ್ಕೂ ಸರಿಹೋಯಿತು. ನಾನಾಗಿ ಬಿಟ್ಟುಕೊಟ್ಟೆ ಎಂದು ಹೇಳಿಕೊಳ್ಳಲು ಆಸೆಯೇನೋ ಇದೆ, ಆದರೆ ಅದು ಸುಳ್ಳು. ನಾನು ಕಿರುಚಿದೆ. ಅಪ್ಪ ಕೇಳಿಸಿಕೊಳ್ಳಲಿಲ್ಲ. ನಾಲ್ಕು ಜನರ ಎದುರು ಹೆಂಡತಿಯ ಕೈಯನ್ನೂ ಮುಟ್ಟದ ಮನುಷ್ಯ ಬಗ್ಗಿ, ಅಮ್ಮನ ಮಂಡಿಗಳ ಸುತ್ತ ತೋಳು ಹಾಕಿ, ಜನರ ತಲೆಗಿಂತ ಮೇಲಕ್ಕೆ ಎತ್ತಿ ನಿಂತುಬಿಟ್ಟ.

"ಬಿಡ್ರೀ, ಜನ ನೋಡ್ತಾರೆ," ಎಂದಳು ಅಮ್ಮ.

"ಜನ ಆನೆ ನೋಡ್ತಿದಾರೆ. ನೀನೂ ನೋಡು."

ನನ್ನ ಕಣ್ಣಿನ ಮಟ್ಟಕ್ಕೆ ಅಮ್ಮನ ಎರಡು ಪಾದಗಳು ಜೋತಾಡುತ್ತಿದ್ದವು. ಧೂಳು ಹತ್ತಿದ ಕಾಲುಂಗುರ, ಜಮಖಾನದ ಗೆರೆ ಮೂಡಿದ ಹಿಮ್ಮಡಿ. ಸಿಟ್ಟು ತಡೆಯಲಾರದೆ ಹೆಬ್ಬೆರಳನ್ನು ಹಿಡಿದು ಬಲವಾಗಿ ಚಿವುಟಿದೆ. ಅವಳಿಗೆ ಗೊತ್ತಾಗಲೇ ಇಲ್ಲ. ಜೋಮು ಇಳಿದಿರಲಿಲ್ಲವೋ, ಆನೆ ಎದುರಿಗೇ ಬಂದಿತ್ತೋ, ಕೇಳಲು ನನಗೆ ಯಾವತ್ತೂ ಧೈರ್ಯ ಬರಲಿಲ್ಲ.

ದೀಪಾವಳಿಗೆ ಶಿವಮೊಗ್ಗಕ್ಕೆ ಹೋದೆವು. ಊಟವಾಯಿತು. ಮಾವ ಎಲೆಗೆ ಸುಣ್ಣ ಹಚ್ಚುತ್ತಾ, "ಅಂಬಾರಿ ಹೆಂಗಿತ್ತು ಅಂದ್ರೆ..." ಎಂದ. ನಾವೆಲ್ಲ ಅಮ್ಮನ ಕಡೆ ನೋಡಿದೆವು.

ಅಮ್ಮ ಏಳಲಿಲ್ಲ. ಕಾಲು ನೀಡಿಕೊಂಡು ಗೋಡೆಗೆ ಒರಗಿದಳು.

"ಹೇಳು ಹೇಳು," ಎಂದಳು. "ತಪ್ಪಿದ್ರೆ ನಾನು ಹೇಳ್ತೀನಿ."