ಇಸಿಜಿ ಕಾಗದದ ಸಿಂಫನಿ

ಅಥವಾ ಅದು ಅಡಿಲೇಡ್ ಅಲ್ಲವೇ ಅಲ್ಲ, ಬ್ರಿಸ್ಬೇನ್ ಇದ್ದಿರಬೇಕು. ಎಪ್ಪತ್ತರ ದಶಕದ ಕೊನೆಯ ಆ ವರ್ಷಗಳನ್ನು ನೆನೆದಾಗಲೆಲ್ಲ ಊರುಗಳು ಜಾಗ ಬದಲಿಸಿಕೊಳ್ಳುತ್ತವೆ. ಅಡಿಲೇಡಿನ ಪ್ರಾಸ್ಪೆಕ್ಟ್‌ನ ನಮ್ಮ ಬಾಡಿಗೆ ಮನೆಯ ಕಿಟಕಿಯಾಚೆ ಬ್ರಿಸ್ಬೇನಿನ ಸೇಂಟ್ ಲೂಸಿಯಾದ ನದಿ ಬಂದು ಹರಿಯುತ್ತದೆ. ಇರಲಿ, ನೋಡಲು ಚೆನ್ನಾಗಿದೆ.

ಖಚಿತವಾದದ್ದು ಇಷ್ಟು. ಮೈಸೂರಿನಲ್ಲಿ ಓದಿ ಡಾಕ್ಟರಾಗಿದ್ದ ನಾವಿಬ್ಬರೂ ಇಲ್ಲಿ ಆಸ್ಟ್ರೇಲಿಯಾದಲ್ಲಿ ಕೆಲಸ ಮಾಡಲು ಮತ್ತೆ ಪರೀಕ್ಷೆ ಬರೆಯಬೇಕಿತ್ತು. ನಾನು ಮೊದಲ ಸಲಕ್ಕೇ ಪಾಸಾದೆ. ನನ್ನ ಗಂಡ ಎರಡು ಸಲ ಫೇಲಾದರು. ಉಳಿದದ್ದು ಒಂದೇ ಅವಕಾಶ. ಓದಬೇಕಾದವರು ದೊಡ್ಡ ವಾದ್ಯವೃಂದಕ್ಕೆಂದು ಸಿಂಫನಿ ಬರೆಯತೊಡಗಿದರು.

ಅದೂ ನಾನು ಆಸ್ಪತ್ರೆಯಿಂದ ತಂದ ಇಸಿಜಿ ಕಾಗದದ ಮೇಲೆ. ಅದರ ಒಂದೊಂದು ದೊಡ್ಡ ಚೌಕದ ಉದ್ದಕ್ಕೂ ಐದೈದು ಸಣ್ಣ ಚೌಕಗಳು. ಚಿಕ್ಕಂದಿನಲ್ಲಿ ಪಿಟೀಲು ಕಲಿತಿದ್ದ ಅವರಿಗೆ ಅದು ಐದೆಣಿಕೆಯ ಖಂಡಛಾಪು ತಾಳವಾಗಿ ಕಂಡಿತು.

"ರೀ, ಅನಾಟಮಿ ಪುಸ್ತಕದ ಮೇಲೆ ಧೂಳು ಕೂತಿದೆ."

"ಸೆಕೆಂಡ್ ಮೂವ್‌ಮೆಂಟ್ ಮುಗೀಲಿ ಕಣೇ."

"ಅಷ್ಟರಲ್ಲಿ ನಮ್ಮ ಸಂಸಾರಾನೇ ಮುಗಿಯುತ್ತೆ."

ಕೊನೆಗೊಂದು ಒಪ್ಪಂದವಾಯಿತು. ಯಾರಾದರೂ ಒಮ್ಮೆ ಅದನ್ನು ಪೂರ್ತಿ ನುಡಿಸಿದರೆ ಮರುದಿನದಿಂದಲೇ ಓದು. ಇಲ್ಲದಿದ್ದರೆ ಪರೀಕ್ಷೆಯೂ ಇಲ್ಲ, ಡಾಕ್ಟರಿಕೆಯೂ ಇಲ್ಲ.

ನಮ್ಮ ವಾರ್ಡಿನ ವಯಸ್ಸಾದ ಸಿಸ್ಟರ್ ಒಬ್ಬರು ಚರ್ಚ್ ಹಾಲಿನಲ್ಲಿ ಹವ್ಯಾಸಿ ವಾದ್ಯವೃಂದ ನಡೆಸುತ್ತಿದ್ದರು. ನಾನು ಕೇಳಿಕೊಂಡಾಗ ನುಡಿಸಲು ಒಪ್ಪಿದರು. ಒಂದು ಭಾನುವಾರ ಮಧ್ಯಾಹ್ನ ಎಲ್ಲರೂ ಸೇರಿದಾಗ ಹಾಳೆ ತಿರುವಿ ಕೇಳಿದರು: "ಇಪ್ಪತ್ತು ಜನರೂ ಒಂದೇ ಟ್ಯೂನ್ ನುಡಿಸಬೇಕಾ?"

"ಮತ್ತೇನು, ಜಗಳ ಆಡಬೇಕಾ?" ಎಂದರು ಇವರು.

ನಾಲ್ಕು ಎಣಿಸಿಯೇ ಅಭ್ಯಾಸವಿದ್ದ ಜನ ಐದನೆಯ ಎಣಿಕೆಗೆ ಬಂದಾಗಲೆಲ್ಲ ಎಡವಿದರು. ಟ್ರಾಂಬೋನ್ ಊದುವವನು ಮೊದಲೇ ಮುಂದಿನ ಸಾಲಿಗೆ ಓಡಿಬಿಟ್ಟ. ಆಗ ಎಲ್ಲರಿಗೂ ಚಿತ್ರಾನ್ನ ಮಾಡಿ ತಂದಿದ್ದ, ಸ್ನೇಹಿತರೊಬ್ಬರ ತಾಯಿ ಮುಂದಿನ ಕುರ್ಚಿಯಿಂದ, "ಅಯ್ಯೋ, ತಾಳ ಹೋಯ್ತಲ್ರೋ!" ಎಂದು ತೊಡೆ ತಟ್ಟತೊಡಗಿದರು. ಇಪ್ಪತ್ತು ಜನರೂ ತಾಳ ತೋರಿಸುತ್ತಿದ್ದ ಸಿಸ್ಟರ್ ಕೈಯ ಕೋಲು ಬಿಟ್ಟು ಆಕೆಯ ಅಂಗೈ ನೋಡುತ್ತ ಒಟ್ಟಾಗಿ ಕೊನೆ ಮುಟ್ಟಿದರು.

ನಾನು ವರ್ಷಗಟ್ಟಲೆ ಹೀಗೆಯೇ ಹೇಳಿಕೊಂಡು ಬಂದೆ. ಇವರು ಮರುದಿನವೇ ಓದಲು ಕೂತರು, ಪಾಸಾದರು. ಎಂಬತ್ತರ ದಶಕದಲ್ಲಿ ಪರ್ತ್‌ಗೆ ಬಂದು ಕ್ಲಿನಿಕ್ ತೆರೆದೆವು. ಮೊನ್ನೆ ಊಟಕ್ಕೆ ಬಂದವರೆದುರು ನಾನು ಈ ಕಥೆ ಹೇಳುತ್ತಿದ್ದಾಗ ಇವರು ತಡೆದರು.

"ಕೊನೆ ಮುಟ್ಟಿದ್ದು ನಾನು ಕೇಳ್ಲೇ ಇಲ್ಲ. ಅವರು ಎಡವೋದು ತಡ್ಕೊಳ್ಳಕ್ಕಾಗ್ದೆ ಅರ್ಧದಲ್ಲೇ ಹೊರಗೆ ಹೋಗ್ಬಿಟ್ಟಿದ್ದೆ. ಪೂರ್ತಿ ನುಡಿಸಿದ್ರು ಅಂತ ಬಂದು ಹೇಳಿದ್ದು ನೀನೇ."

ಅಂದು ಅವರಿಗೆ ನಾನು ಹೇಳಿದ್ದು ನಿಜವೋ ಸುಳ್ಳೋ, ಈಗ ನನಗೆ ಗೊತ್ತಿಲ್ಲ.