ತುಯಿ ನವಿರಿಯ ಬಟ್ಟಲು

ವಿಲಿಮೈನಾಳಿಗೆ ಮೀನು ಹಿಡಿಯುವುದೆಂದರೆ ಪ್ರಾಣ. ಅದಕ್ಕಿಂತ ಹೆಚ್ಚಿನ ಪ್ರಾಣ, ಸೋದರತ್ತೆ ಮಗಳು ಕೆಲೆರಾಳ ಜೊತೆ ಸೊಂಟದುದ್ದ ನೀರಲ್ಲಿ ನಿಂತು ಬೈದಾಡುವುದು. ಅತ್ತೆ ಮಗಳು ಮಾವನ ಮಗಳು ಬೈದುಕೊಳ್ಳದಿದ್ದರೆ 'ಏನ್ರೇ, ಮುನಿಸಾ?' ಎಂದು ಊರೇ ಕೇಳುವ ದ್ವೀಪಸೀಮೆ ಅದು.

"ಲೇ ಏಡಿಕಾಲಿ, ಬಲೆ ಎಳೀತೀಯೋ, ನಿಂತಲ್ಲೇ ಗೊರಕೆ ಹೊಡೀತೀಯೋ?" ಅನ್ನುವಳು ವಿಲಿಮೈನಾ.

"ನಿನ್ ಮುಖ ನೋಡಿ ಮೀನೆಲ್ಲ ಓಡೋದ್ವು ಕಣೇ, ಎಳೆದು ಏನ್ ಮಾಡ್ಲಿ!"

ಅಷ್ಟರಲ್ಲಿ ವಿಲಿಮೈನಾಳ ಅಣ್ಣ ತೀರಿಕೊಂಡ. ಅವನು ತುಯಿ ನವಿರಿ, ಅಂದರೆ ಊರಿನ ದೊರೆ. ದೊರೆ ಸತ್ತನೆಂದು ಹವಳದ ದಿಬ್ಬದಲ್ಲಿ ಮೀನು ಹಿಡಿಯುವುದು ನಿಂತಿತು. ಹೊಸಬರು ಪಟ್ಟಕ್ಕೆ ಕೂರುವ ದಿನ ಬೆಳಗ್ಗೆಯೇ ಮತ್ತೆ ಕಡಲಿಗೆ ಇಳಿಯುವುದು. ತಿಂಗಳುಗಟ್ಟಲೆ ಇವಳು ಕೆಲೆರಾಳ ಜಗಲಿಯಲ್ಲಿ ತನ್ನ ನೈಲಾನ್ ಬಲೆಯ ಹರಕು ಹೆಣೆಯುತ್ತ, ಯಾರಾದರೂ ಬೇಗ ಕೂರಬಾರದೇ ಎಂದು ಗೊಣಗಿದ್ದೇ ಗೊಣಗಿದ್ದು. ಅಯ್ಯೋ ಪೆದ್ದಿ! ದೊರೆಮನೆಯಲ್ಲಿ ಉಳಿದವಳು ತಾನೊಬ್ಬಳೇ ಎಂಬುದು ಅವಳ ತಲೆಗೆ ಹೊಳೆದೇ ಇರಲಿಲ್ಲ.

ಒಂದು ದಿನ ಹಿರಿಯರು ಬಂದು, ನೀನೇ ದೊರೆಯಾಗಬೇಕೆಂದು ತಿಮಿಂಗಿಲದ ಹಲ್ಲನ್ನು ಅವಳ ಮುಂದಿಟ್ಟರು. ಅದನ್ನಿಟ್ಟ ಮೇಲೆ ಒಲ್ಲೆ ಎನ್ನುವ ಬಾಯಿ ಯಾರಿಗಿದೆ?

"ಕೂರ್ತೀನಿ, ಆದ್ರೆ ಮೀನು ಹಿಡಿಯೋಕೆ ಹೋಗೋದು ಬಿಡಲ್ಲ ಅಜ್ಜ," ಎಂದಳು.

ಪೆನಿಯಾಸಿ ಅಜ್ಜ ನೆಲದ ಕುಲದ, ಅಂದರೆ ಆ ಮಣ್ಣಿನ ಮೂಲದವರ ಹಿರಿಯ, ಕೆಲೆರಾಳ ತಾತ. ದೊರೆಗಳನ್ನು ಕೂರಿಸುವ ಹಕ್ಕು ಆ ಕುಲದ್ದೇ. "ಮೊದಲ್ನೇ ತುಯಿ ನವಿರಿ ಯಾರು ಗೊತ್ತಲ್ಲ ಮಗಳೇ? ಬಿರುಗಾಳಿಗೆ ಸಿಕ್ಕಿ ನಮ್ಮ ದಡಕ್ಕೆ ಬಿದ್ದೋನು. ನಾವೇ ಮೈ ತೊಳೆದು ಬಟ್ಟಲು ಕೊಟ್ವಿ. ಅವನು ಕುಡೀತಿದ್ದ ಹಾಗೇ ಅವನ ದೋಣಿ ಸೀಳಿ, ಅದೇ ಸೌದೇಲಿ ಊಟ ಬೇಯಿಸಿದ್ವಿ. ಆಮೇಲೆ ಎಷ್ಟೋ ಜನ ಕೂತ್ರು. ಯಾರೂ ಕಡಲಿಗೆ ಇಳೀಲಿಲ್ಲ."

"ಅದು ಹಳೇ ಕಾಲ. ನನ್ ಹತ್ರ ದೋಣಿನೂ ಇಲ್ಲ."

"ನೋಡೋಣ," ಎಂದ ಅಜ್ಜ. ಆ ಮುದುಕನ 'ನೋಡೋಣ'ಕ್ಕಿಷ್ಟು ಬೆಂಕಿ ಹಾಕ!

ಪಟ್ಟದ ದಿನ ಬಂತು. ಚಾಪೆಯ ಮೇಲೆ ಕೂರಿಸಿ ತೋಳಿಗೆ ನಾರುಬಟ್ಟೆ ಕಟ್ಟಿದರು. ಹೆಂಗಸರ ಗುಂಪಲ್ಲಿ ಕೆಲೆರಾ ಕಾಣಲಿಲ್ಲ. ಯಾಂಗೋನಾ ಬೇರಿನ ರಸದ ಬಟ್ಟಲು ಎದುರಿಗೆ ಬಂತು. ಕುಡಿದಳು. ಚಪ್ಪಾಳೆ ಬಿತ್ತು, ನಾಲಿಗೆ ಮರಗಟ್ಟಿತು. ಆಗಲೇ ಅಡುಗೆಗುಂಡಿಯ ಕಡೆಯಿಂದ ನೈಲಾನ್ ಸುಟ್ಟ ನಾತ ಬಂತು.

ಏಳಲು ನೋಡಿದಳು. ಪಕ್ಕದಲ್ಲಿ ಕೂತಿದ್ದವನು, ಇನ್ನು ಮುಂದೆ ದೊರೆಯ ಪರವಾಗಿ ಮಾತಾಡಬೇಕಾದವನು, ಬೇಡವೆಂದು ಮೆಲ್ಲಗೆ ತಲೆಯಾಡಿಸಿದ. ದೊರೆ ಎದ್ದರೆ ಸಭೆಯೇ ಮುಗಿದ ಹಾಗೆ. ಕೂತಳು.

ಕೆಲೆರಾ ಬಂದಳು. ಮೊಣಕಾಲಲ್ಲಿ ತೆವಳುತ್ತ, ತಲೆ ತಗ್ಗಿಸಿ, ಎಲೆಯ ಮೇಲೆ ಬೆಂದ ಮೀನು ಹಿಡಿದು ಬಂದಳು. ಮೈಯೆಲ್ಲ ಹೊಗೆಯ ವಾಸನೆ, ಕಣ್ಣು ಕೆಂಪು.

"ಲೇ ಏಡಿಕಾಲಿ," ವಿಲಿಮೈನಾ ಮುಂದಕ್ಕೆ ಬಾಗಿ ಪಿಸುಗುಟ್ಟಿದಳು, "ನನ್ ಬಲೆ ಸುಟ್ಟುಬಿಟ್ಯೇನೇ? ಹೋಗ್ಲಿ, ಒಂದ್ಸಲ ಬೈಯೇ. ಒಂದೇ ಒಂದ್ಸಲ."

ಕೆಲೆರಾಳ ತುಟಿ ಅದುರಿತು. ಪಕ್ಕದವನು ಗಂಟಲು ಸರಿಮಾಡಿಕೊಂಡು ಸಭೆಗೆ ಹೇಳಿದ: "ಮೀನು ದೊರೆಗೆ ಒಪ್ಪಿಗೆಯಾಯಿತು."

ಎಲ್ಲರೂ ಚಪ್ಪಾಳೆ ತಟ್ಟಿದರು. ಕೆಲೆರಾ ಮೊಣಕಾಲಲ್ಲೇ ಹಿಂದೆ ಸರಿದಳು. ಬೈಯಲಿಲ್ಲ.