ಕೂಸಿನ ತೂಕದ ಗೆರೆ

ಅಕ್ಕನ ಮೊದಲ ಕೂಸಿನ ತೂಕಕ್ಕೆ ನಾನು ಗ್ರಾಫ್ ಬರೆದದ್ದು ಬೆಂಗಳೂರಿನಲ್ಲಿ ಬಿ.ಎಸ್ಸಿ. ಓದುತ್ತಿದ್ದಾಗ, ಒಂದು ಬೇಸಿಗೆ ರಜೆಯಲ್ಲಿ. ಐವತ್ತರ ದಶಕದ ಕೊನೆ ಎಂದಷ್ಟೇ ಹೇಳಬಲ್ಲೆ. ಬಂಗಾರಪೇಟೆಯಲ್ಲಿ ಇಳಿದು, ಮಾರಿಕುಪ್ಪಂ ಗಾಡಿ ಹಿಡಿದು ಊರಿಗಾಂನ ಚಿನ್ನದ ಗಣಿಯವರ ಸಾಲುಮನೆಗಳಲ್ಲಿದ್ದ ನಮ್ಮ ಲೈನ್ ಮನೆಗೆ ಬಂದಾಗ ಅಕ್ಕ ಬಾಗಿಲಲ್ಲಿ ಕೂತು ಅಳುತ್ತಿದ್ದಳು. ನೆನಪಿನಲ್ಲಿ ಕಣ್ಣಿಗೆ ಕಟ್ಟಿರುವುದು ಬಾಗಿಲೇ. ಆದರೆ ಸಂಜೆಯ ಗಾಳಿಗೆ ಬಾಣಂತಿಯನ್ನು ಅಜ್ಜಿ ಅಲ್ಲಿಗೆ ಬಿಟ್ಟಿರಲಾರಳು.

"ನನ್ ಆಲು ಸಾಲ್ತಾ ಇಲ್ವಂತೆ ಕಣ್ಲಾ," ಅಂದಳು.

ಕೂಸು ಹುಟ್ಟಿದಾಗ ತೀರ ಸಣ್ಣಗಿತ್ತು. ವಾರಕ್ಕೊಮ್ಮೆ ಆಸ್ಪತ್ರೆಯಲ್ಲಿ ತೂಗಿಸಬೇಕು. ನರ್ಸಮ್ಮ ಚೀಟಿಯಲ್ಲಿ ವಾರ ಒಂದು ಕಡೆ, ತೂಕ ಒಂದು ಕಡೆ ಬರೆಯುತ್ತಿದ್ದರು. ಮೊದಮೊದಲು ಏರಿದ ತೂಕ ಒಂದು ವಾರ ಜಾರಿತ್ತು. ಆಮೇಲೆ ಮತ್ತೆ ಏರಿ, ಜಾರುವ ಮೊದಲಿದ್ದ ಅಂಕಿಗೇ ಬಂದು ಮುಟ್ಟಿತ್ತು. ಮುಂದಿನ ವಾರವೂ ದಾಟದಿದ್ದರೆ ಡಬ್ಬಿ ಹಾಲು ಶುರುಮಾಡಿ ಎಂದಿದ್ದರು. ಅಪ್ಪ ಡಬ್ಬಿಯನ್ನು ತಂದು ಗೂಡಿನಲ್ಲಿ ಇಟ್ಟೂ ಆಗಿತ್ತು.

ತೂಕ ಜಾರಿದ ವಾರವೇ ಅಕ್ಕ ಮೊದಲ ಸಲ ತಾನೇ ಕೂಸನ್ನು ಎತ್ತಿಕೊಂಡು ಹೋದದ್ದು. ಅದುವರೆಗೆ, ಬಾಣಂತನಕ್ಕೆಂದು ಕ್ಯಾಸಂಬಳ್ಳಿಯಿಂದ ಬಂದಿದ್ದ ಅಜ್ಜಿ ಹೋಗುತ್ತಿದ್ದಳು. ಆಮೇಲಿನ ವಾರಗಳಲ್ಲೂ ಅಕ್ಕನೇ ಹೋಗಿದ್ದಳು.

"ದಾರಿಯುದ್ದಕ್ಕೂ ಕೂಸಿನ ಮೊಕಾನೇ ನೋಡ್ಕೊಂಡು ಓಗವ್ಳೆ. ತಾಯಿ ಕಣ್ಣೇ ಕೆಟ್ ಕಣ್ಣು," ಅಂದಳು ಅಜ್ಜಿ.

ನನಗೆ ದೃಷ್ಟಿಯಲ್ಲಿ ನಂಬಿಕೆಯಿರಲಿಲ್ಲ. ನರ್ಸಮ್ಮನ ಮಾತನ್ನೂ ಸುಮ್ಮನೆ ಒಪ್ಪಲು ಮನಸ್ಸಿರಲಿಲ್ಲ. ಟ್ರಂಕಿನಿಂದ ಗ್ರಾಫ್ ಹಾಳೆ ತೆಗೆದೆ. ಕೆಳಗೆ ಅಡ್ಡಕ್ಕೆ ವಾರಗಳು, ಎಡಗಡೆ ಉದ್ದಕ್ಕೆ ತೂಕ. ಪೌಂಡಿಗೆ ಹದಿನಾರು ಔನ್ಸು, ಹಾಳೆಯಲ್ಲೋ ಹತ್ತು ಹತ್ತು ಮನೆ. ದಪ್ಪ ಗೆರೆಗಳನ್ನು ಮರೆತು ಪುಟ್ಟ ಮನೆಗೊಂದು ಔನ್ಸು ಎಂದು ಹಿಡಿದೆ. ಸೊನ್ನೆಯಿಂದ ಹೊರಟರೆ ಹಾಳೆ ಸಾಲದು, ಹುಟ್ಟಿದ ತೂಕದಿಂದಲೇ ಹೊರಟೆ. ಚುಕ್ಕಿಗಳನ್ನಿಟ್ಟು, ಒಂದರಿಂದೊಂದಕ್ಕೆ ಗೆರೆ ಎಳೆದೆ.

ಅಜ್ಜಿ ಬಗ್ಗಿ ನೋಡಿದಳು. "ಇದೇನ್ಲಾ, ಗಣಿ ಬಾಯಾಗೆ ಬಿದ್ದಂಗೈತೆ!"

ಅಕ್ಕ ಮತ್ತೆ ಅಳತೊಡಗಿದಳು. ಕೆಳಗಿನ ಭಾಗ ಬಿಟ್ಟಿರುವುದರಿಂದ ಸಣ್ಣ ಇಳಿತವೂ ದೊಡ್ಡದಾಗಿ ಕಾಣುತ್ತದೆ ಎಂದೆ. ಯಾರೂ ಕೇಳಿಸಿಕೊಳ್ಳಲಿಲ್ಲ. ಸುಮ್ಮನಿರಲಾರದೆ ಸ್ಕೇಲನ್ನು ಮೊದಲ ಏರಿನ ಮೇಲಿಟ್ಟು, ಹಾಗೆಯೇ ವಾಲಿಸದೆ ಕೆಳಗೆ ಸರಿಸಿದೆ. ಬಿದ್ದ ಮೇಲಿನ ಏರಿಗೂ ಅದು ಸರಿಯಾಗಿ ಕೂತಿತು.

"ಅಕ್ಕಾ, ಇಲ್ನೋಡು. ಆಲು ಸಾಲ್ದಿದ್ರೆ ಗೆರೆ ಮಲಗ್ಬೇಕಿತ್ತು. ಮೊದ್ಲು ವಾರಕ್ಕೆ ಎಷ್ಟು ಏರ್ತಿತ್ತೋ ಈಗ್ಲೂ ಅಷ್ಟೇ ಏರ್ತೈತೆ. ಆವತ್ತಿಂದ ತಕ್ಕಡಿ ಮೇಲಿಂದ ಏನೋ ಒಂದು ಕಮ್ಮಿಯಾಗೈತೆ, ಅಷ್ಟೇ. ಅಜ್ಜಿ ಓದಾಗ ಇದ್ದಿದ್ದು, ನೀನ್ ಓದಾಗ ಇಲ್ದಿದ್ದು ಏನು?"

ಅಜ್ಜಿ ಒಲೆ ಊದಲು ತಿರುಗಿದಳು. ಅಕ್ಕ ಎದ್ದು ನಿಂತಳು. "ಅಜ್ಜೀ, ಬೀಗ!"

ಕೂಸನ್ನು ಮನೆಯಿಂದಾಚೆ ಒಯ್ಯುವಾಗ ಜೊತೆಗೆ ಕಬ್ಬಿಣ ಇರಬೇಕೆಂದು, ಕೂಸಿಗೆ ಸುತ್ತಿದ ಹಳೆ ಸೀರೆಯ ತುದಿಗೆ ಅಜ್ಜಿ ತನ್ನ ಪೆಟ್ಟಿಗೆಯ ಬೀಗ ಗಂಟು ಹಾಕುತ್ತಿದ್ದಳು. ಬರಿಮೈಯಲ್ಲಿ ತೂಗಲು ಅವಳು ಬಿಡುತ್ತಿರಲಿಲ್ಲ. ನರ್ಸಮ್ಮ ಬಟ್ಟೆಯ ತೂಕವನ್ನಷ್ಟೇ ಕಳೆಯುತ್ತಿದ್ದರು. ಅಕ್ಕ ಬೀಗ ಕಟ್ಟಿರಲಿಲ್ಲ.

"ಕಬ್ಣ ಇಲ್ದೆ ಕೂಸನ್ನ ಆಚೆಗೆ ತಕ್ಕೊಂಡೋಗಿದ್ಯೇನೇ?" ಎಂದು ಅಜ್ಜಿ ಅವಳನ್ನೇ ಗದರಿದಳು.

ಮುಂದಿನ ವಾರ ಎಲ್ಲರೂ ಹೋದೆವು. ನರ್ಸಮ್ಮ ಬೀಗವನ್ನು ತಕ್ಕಡಿಗೆ ಹಾಕಿ, ತಮ್ಮ ತಮಿಳಿನ ವಾಡಿಕೆಯಲ್ಲಿ ಅಜ್ಜಿಯನ್ನು ಕರೆದು ಕೇಳಿದರು: "ಏನ್ ಪಾಟೀ, ಬೀಗಕ್ಕೂ ಹಾಲು ಕುಡಿಸ್ತಿದ್ರಾ?" ನನ್ನ ಎರಡು ಗೆರೆಗಳ ನಡುವಿನ ಅಂತರ, ಬೀಗದ ತೂಕ, ಎರಡೂ ಔನ್ಸಿಗೆ ಔನ್ಸು ಒಂದೇ ಎಂಬುದು ನನ್ನ ನೆನಪು. ಮುಂದೆ ನಾನು ಮೇಷ್ಟ್ರಾದ ಮೇಲೆ ವಿದ್ಯಾರ್ಥಿಯೊಬ್ಬ ಇಷ್ಟು ನಿಖರ ಫಲಿತಾಂಶ ತಂದಿದ್ದರೆ ನಾನು ನಂಬುತ್ತಿರಲಿಲ್ಲ. ಸ್ಕೇಲು ಮುಟ್ಟುವ ಮೊದಲೇ ಬೀಗ ತನಗೆ ಹೊಳೆದಿತ್ತೆಂದು ಅಕ್ಕ ಇವತ್ತಿಗೂ ಹೇಳುತ್ತಾಳೆ. ಇದ್ದೀತು.

ಕೂಸನ್ನು ತೂಗುವಷ್ಟು ಹೊತ್ತೂ ಬೀಗವನ್ನು ನರ್ಸಮ್ಮನೇ ಪಕ್ಕದಲ್ಲಿ ಹಿಡಿದು ನಿಲ್ಲಬೇಕೆಂದಳು ಅಜ್ಜಿ. ಅವರು ನಿಂತರು. ಚುಕ್ಕಿ ಇನ್ನೂ ಮೇಲೇರಿತು. "ಡಬ್ಬಿ ಬೇಡಮ್ಮ, ನಿನ್ನ ಹಾಲೇ ಸಾಕು," ಅಂದರು ಅಕ್ಕನಿಗೆ.

ಸಂಜೆ ಅಕ್ಕ ಆ ಡಬ್ಬಿ ಒಡೆದು ಮನೆಮಂದಿಗೆಲ್ಲ ಕಾಫಿ ಮಾಡಿದಳು. "ಥೂ, ಸುಣ್ಣದ ನೀರಿದ್ದಂಗೈತೆ," ಅಂದಳು ಅಜ್ಜಿ. ಅಕ್ಕ ನಕ್ಕಳು. ಹೊಟ್ಟೆ ತುಂಬಿದ ಕೂಸು ಅವಳ ತೊಡೆಯ ಮೇಲೆ ನಿದ್ದೆ ಹೋಗಿತ್ತು.